ಬೈಸಿಕೊಳ್ಳುವ ಕೆಲಸ

ದರ್ಜಿಯ ಅಂಗಡಿಯಲ್ಲಿ ಮೂರು ಜನ ಕೆಲಸ ಮಾಡುತ್ತಿದ್ದರು. ಅಳತೆ ತೆಗೆದು ಬಟ್ಟೆ ಕತ್ತರಿಸಲು ಯಜಮಾನ, ಮೆಷಿನ್ ತುಳಿಯಲು ಅವನ ಹೆಂಡತಿ, ಬೈಸಿಕೊಳ್ಳಲು ಗುಂಡಿ.

ಗುಂಡಿ ಎಂಬುದು ಅಪ್ಪ ಅಮ್ಮ ಇಟ್ಟ ಹೆಸರಲ್ಲ. ಕಾಜಾ ಮಾಡಿ ಗುಂಡಿ ಹೊಲಿಯುವುದು, ಅಂಚು ಮಡಿಸಿ ಕೈಹೊಲಿಗೆ ಹಾಕುವುದು, ಇಸ್ತ್ರಿ ಮಾಡಿ ಮಡಚಿಡುವುದು ಅವನ ಪಾಲಿಗೆ ಬಂದಿದ್ದರಿಂದ ಬೀದಿಯವರು ಹಾಗೆ ಕರೆಯುತ್ತಿದ್ದರು, ಅವನೂ ಓಗೊಡುತ್ತಿದ್ದ. ಆದರೆ ಇವೆಲ್ಲ ಬಿಡುವಿನ ವೇಳೆಯ ಕೆಲಸಗಳು. ಗಿರಾಕಿಯೊಬ್ಬರು ಹೊಲಿಸಿಕೊಂಡ ಬಟ್ಟೆಯನ್ನು ಕಂಕುಳಲ್ಲಿ ಅವುಚಿಕೊಂಡು, ಮುಖ ಕೆಂಪಗೆ ಮಾಡಿಕೊಂಡು ಅಂಗಡಿಯ ಮೆಟ್ಟಿಲು ಹತ್ತಿದಾಗ ಅವನ ನಿಜವಾದ ಉದ್ಯೋಗ ಶುರುವಾಗುತ್ತಿತ್ತು.

ಕುತ್ತಿಗೆ ಬಿಗಿ, ತೋಳು ಉದ್ದ, ಸೊಂಟ ಸಡಿಲ, ದೂರು ಯಾವುದೇ ಇರಲಿ, ಯಜಮಾನ ಕನ್ನಡಕದ ಮೇಲಿನಿಂದ ಬಟ್ಟೆಯನ್ನು ನೋಡಿ "ಲೋ ಗುಂಡೀ" ಎಂದು ಗುಡುಗುತ್ತಿದ್ದ. ಗುಂಡಿ ಸೂಜಿ ಹಿಡಿದುಕೊಂಡೇ ಎದ್ದು ಬಂದು, ತಲೆ ತಗ್ಗಿಸಿ, ಎದುರು ಸಾಲಿನ ಅಂಗಡಿಗಳಿಗೂ ಕೇಳುವ ಹಾಗೆ "ನನ್ನದೇ ತಪ್ಪು ಸಾರ್" ಎನ್ನುತ್ತಿದ್ದ. ಜೋರಾಗಿ ಹೇಳಬೇಕಾದದ್ದು ಇಷ್ಟು. ಆಮೇಲೆ ಯಜಮಾನ ಮನಸಾರೆ ಬೈಯುತ್ತಿದ್ದ. ಬೈಗುಳ ಏರುತ್ತ ಹೋದಂತೆ ಗಿರಾಕಿಯ ಸಿಟ್ಟು ಇಳಿಯುತ್ತಿತ್ತು; ಕೊನೆಗೆ ಅವರೇ "ಹೋಗ್ಲಿ ಬಿಡಿ ಪಾಪ, ಗೊತ್ತಾಗದೆ ಮಾಡಿದಾನೆ" ಎಂದು ಅಡ್ಡ ಬರುತ್ತಿದ್ದರು. ಆಗ ಗುಂಡಿ ಅವರೊಬ್ಬರಿಗೇ ಕೇಳುವಷ್ಟು ಮೆಲ್ಲಗೆ, "ಸರಿ ಮಾಡಿಕೊಡ್ತೀನಿ ಸಾರ್, ನಾಳೆ ಬನ್ನಿ" ಎನ್ನುತ್ತಿದ್ದ. ಗಿರಾಕಿ ತಾನು ಎಷ್ಟು ದೊಡ್ಡ ಮನಸ್ಸಿನವನೆಂದು ತಾನೇ ಮೆಚ್ಚಿಕೊಳ್ಳುತ್ತ ಮೆಟ್ಟಿಲಿಳಿಯುತ್ತಿದ್ದ. ಗುಂಡಿ ಹೊಲಿಯುವವನು ಕುತ್ತಿಗೆಯ ಅಳತೆಯನ್ನು ಹೇಗೆ ಕೆಡಿಸಿದ ಎಂದು ಒಬ್ಬರೂ ಕೇಳಿದವರಲ್ಲ. ಯಾರನ್ನಾದರೂ ಬೈದಾಯಿತೆಂದರೆ ಇಂಥ ಸಣ್ಣಪುಟ್ಟ ವಿಚಾರಗಳು ಯಾರಿಗೆ ಬೇಕು?

ಗಿರಾಕಿ ಬೀದಿಯ ತಿರುವು ದಾಟಿದ ಮೇಲೆ ಒಳಗಿನ ಕೋಣೆಯಿಂದ ಅಮ್ಮಾವ್ರು ಚಹಾ ತರುತ್ತಿದ್ದರು. ಬನ್ನನ್ನು ಎರಡು ಮಾಡಿ ದೊಡ್ಡ ಪಾಲನ್ನು ಗುಂಡಿಯ ತಟ್ಟೆಗೆ ಹಾಕುತ್ತಿದ್ದರು.

"ಇವತ್ತು ಚೆನ್ನಾಗಿ ಬೈಸಿಕೊಂಡ್ಯಪ್ಪ. ಒಳಗೆ ಕೂತಿದ್ದ ನನಗೇ ಅಳು ಬಂತು."

"ಸ್ವಲ್ಪ ಜಾಸ್ತಿ ಆಯ್ತೇನೋ?" ಎಂದು ಯಜಮಾನ ಗಡ್ಡ ಕೆರೆದುಕೊಳ್ಳುತ್ತಿದ್ದ.

"ಇಲ್ಲ ಯಜಮಾನ್ರೇ. ಕತ್ತರಿಗೆ ಇರೋ ಬುದ್ಧೀನೂ ನಿನಗಿಲ್ಲ ಅಂದ್ರಲ್ಲ, ಅದು ಹೊಸದು. ಚೆನ್ನಾಗಿತ್ತು."

ಮಕ್ಕಳಿಲ್ಲದ ಆ ಗಂಡ ಹೆಂಡತಿ ಗುಂಡಿಯನ್ನು ಸಾಕಿಕೊಂಡಿದ್ದರು ಎಂದರೆ ತಪ್ಪಾಗುತ್ತದೆ. ಸಾಕಿದವಳು ಅವನ ಅಕ್ಕ. ಅವಳು ಬಸ್ ನಿಲ್ದಾಣದಲ್ಲಿ ಟಿಕೆಟ್ ಕೊಡುವ ಕಿಟಕಿಯ ಹಿಂದೆ ಕೂರುತ್ತಿದ್ದಳು. ತಮ್ಮನ ಉದ್ಯೋಗ ಅವಳಿಗೆ ಸ್ವಲ್ಪವೂ ಹಿಡಿಸಿರಲಿಲ್ಲ.

"ನನಗೂ ದಿನಾ ಬೈತಾರೆ ಕಣೋ. ನಾನು ತಿರುಗಿಸಿ ಬೈತೀನಿ. ಅದಕ್ಕೇ ನಡುವೆ ಗಾಜು ಇಟ್ಟಿರೋದು."

"ಅವರಿಗೆ ಸಮಾಧಾನ ಆಗುತ್ತಕ್ಕ. ನಂದೇನು ಹೋಗುತ್ತೆ?"

ಅವನದೇನು ಹೋಗುತ್ತದೆ ಎಂಬುದು ಮುಂದೆ ತಿಳಿಯಿತು.

ಒಂದು ಬೆಳಿಗ್ಗೆ ಗುಂಡಿ ಎಂದಿನಂತೆ ಅಂಗಡಿಯ ಬೀಗ ತೆಗೆದು ಒಳಗೆ ಹೋದ. ಗಂಡ ಹೆಂಡತಿ ವಾಸವಿದ್ದ ಹಿಂದಿನ ಕೋಣೆಯಲ್ಲಿ ಯಜಮಾನ ಮೇಜಿನ ಪಕ್ಕ ಬಿದ್ದಿದ್ದ. ಅಮ್ಮಾವ್ರು ಮೆಷಿನ್ನಿನ ಹತ್ತಿರ ಬಿದ್ದಿದ್ದರು. ಹಿಂಬಾಗಿಲ ಚಿಲಕ ಮುರಿದು ನೇತಾಡುತ್ತಿತ್ತು. ಗೋಡೆಯ ಮೊಳೆಗೆ ತಗುಲಿಹಾಕುತ್ತಿದ್ದ ದೊಡ್ಡ ಕತ್ತರಿ ಇರಲಿಲ್ಲ. ಹಿಂದಿನ ದಿನ ಬೆಳಕಿರುವಾಗಲೇ ಅವನು ಮನೆಗೆ ಹೋಗಿದ್ದ. ಅಕ್ಕನ ಜೊತೆ ಊಟ ಮಾಡಿ, ಪಾತ್ರೆ ಯಾರು ತೊಳೆಯಬೇಕೆಂದು ಜಗಳವಾಡಿ, ತಾನೇ ತೊಳೆದು ಮಲಗಿದ್ದ. ಆ ಕೋಣೆಯಲ್ಲಿ ಎಷ್ಟು ಹೊತ್ತು ನಿಂತಿದ್ದನೋ ಅವನಿಗೇ ಗೊತ್ತಿಲ್ಲ. ಹೇಗೋ ಬಾಗಿಲ ತನಕ ನಡೆದು ಬಂದ. ಮೆಟ್ಟಿಲ ಮೇಲೆ ಮ್ಯಾನೇಜರು ನಿಂತಿದ್ದರು.

ಮ್ಯಾನೇಜರು ಯಾವುದೋ ಕಚೇರಿಯಿಂದ ನಿವೃತ್ತರಾದವರು. ಕಚೇರಿ ಅವರನ್ನು ಬಿಟ್ಟಿತ್ತು, ಅವರು ಕಚೇರಿಯನ್ನು ಬಿಟ್ಟಿರಲಿಲ್ಲ. ಮಗಳ ಮದುವೆಗೆಂದು ಹೊಲಿಸಿದ್ದ ಕೋಟಿನ ಎಡತೋಳು ಉದ್ದವಾಗಿ, ಸರಿಪಡಿಸಲು ಕೊಟ್ಟಿದ್ದರು. ಅದನ್ನು ಒಯ್ಯಲು ಬಂದಿದ್ದರು. ಗುಂಡಿಯ ಭುಜದ ಮೇಲಿನಿಂದ ಇಣುಕಿದವರಿಗೆ ಒಳಗಿನದೆಲ್ಲ ಕಂಡಿತು. ಹೆದರಿದಾಗ ಕೆಲವರಿಗೆ ದನಿ ಅಡಗುತ್ತದೆ, ಮ್ಯಾನೇಜರಿಗೆ ಏರುತ್ತದೆ.

"ಏನಯ್ಯಾ ಇದು? ಯಾರಯ್ಯಾ ಮಾಡಿದ್ದು ಇದನ್ನ?"

ಅಂಗಡಿಯ ಬಾಗಿಲಲ್ಲಿ ಒಬ್ಬ ಗಿರಾಕಿ, ಏರಿದ ದನಿ, ಯಾರು ಮಾಡಿದ್ದು ಎಂಬ ಪ್ರಶ್ನೆ. ಗುಂಡಿಯ ಕತ್ತು ತಾನಾಗಿಯೇ ಬಾಗಿತು. "ನನ್ನದೇ ತಪ್ಪು ಸಾರ್" ಎಂದ, ಬೀದಿಗೆಲ್ಲ ಕೇಳುವ ಹಾಗೆ. ಬೈಯಬೇಕಾದವನು ಈ ಸಲ ಬೈಯಲಿಲ್ಲ. ಗುಂಡಿ ಸ್ವಲ್ಪ ಕಾದು, ಮೆಲ್ಲಗೆ, "ಸರಿ ಮಾಡಿಕೊಡ್ತೀನಿ ಸಾರ್, ನಾಳೆ ಬನ್ನಿ" ಎಂದು ಹೇಳಿ ಮೆಟ್ಟಿಲ ಮೇಲೆ ಕುಸಿದ.

ಮೊದಲನೆಯ ಮಾತನ್ನು ಇಡೀ ಬೀದಿ ಕೇಳಿಸಿಕೊಂಡಿತು. ಎರಡನೆಯದನ್ನು ಕೇಳಿಸಿಕೊಂಡವರು ಮ್ಯಾನೇಜರು ಒಬ್ಬರೇ.

ಪೊಲೀಸರು ಬಂದರು. ಅವರಿಗೆ ಅಂಥ ಸುಲಭದ ಬೆಳಿಗ್ಗೆ ಬಹಳ ಕಾಲದಿಂದ ಸಿಕ್ಕಿರಲಿಲ್ಲ. ಕೊಂದವನನ್ನು ಹುಡುಕುವ ಕೆಲಸ ಶುರುವಾಗುವ ಮೊದಲೇ ಮುಗಿದಿತ್ತು. ಮುರಿದ ಚಿಲಕ? ದಾರಿ ತಪ್ಪಿಸಲು ಅವನೇ ಮುರಿದದ್ದು. ಸಿಗದ ಕತ್ತರಿ? ಅವನು ಎಂಥ ಚಾಲಾಕಿ ಎಂಬುದಕ್ಕೆ ಅದೇ ಪುರಾವೆ. ಕತ್ತರಿಯನ್ನು ಯಾರಿಗೂ ಸಿಗದಂತೆ ಬಚ್ಚಿಟ್ಟು, ಆಮೇಲೆ ನಡುಬೀದಿಯಲ್ಲಿ ನಿಂತು ಕೂಗಿ ಒಪ್ಪಿಕೊಳ್ಳುವ ಚಾಲಾಕಿ. ಆಪಾದನಾ ಪಟ್ಟಿಯಲ್ಲಿ ಅವನ ನಿಜವಾದ ಹೆಸರಿನ ಪಕ್ಕದಲ್ಲಿ 'ಅಲಿಯಾಸ್ ಗುಂಡಿ' ಎಂದು ಬರೆದರು. ಅಲಿಯಾಸ್ ಇರುವ ಮನುಷ್ಯ ಏನನ್ನೂ ಮಾಡಬಲ್ಲ. ಮಾರನೆಯ ದಿನದ ಪತ್ರಿಕೆ ಅವನನ್ನು 'ಕುಖ್ಯಾತ ಗುಂಡಿ' ಎಂದು ಕರೆಯಿತು. ಅಂಗಡಿಯಲ್ಲಿದ್ದದ್ದನ್ನೆಲ್ಲ ಮೂಟೆ ಕಟ್ಟಿ ಜಪ್ತಿ ಮಾಡಿಕೊಂಡು ಹೋದರು. ಅದರಲ್ಲಿ ಮ್ಯಾನೇಜರ ಕೋಟೂ ಇತ್ತು.

ಕೆಳಗಿನ ಕೋರ್ಟಿನಲ್ಲಿ ಕೇಸು ನಡೆಯಿತು. ಮೊದಲ ದಿನವೇ ಜೈಲಿನ ವ್ಯಾನು ತಡವಾಗಿ ಬಂತು. "ಯಾಕೆ ಲೇಟು?" ಎಂದು ನ್ಯಾಯಾಧೀಶರು ಗದರಿದ್ದೇ ತಡ, ಕಟಕಟೆಯಿಂದ "ನನ್ನದೇ ತಪ್ಪು ಸಾರ್" ಎಂದು ಕೇಳಿಸಿತು. ದಾರಿಯಲ್ಲಿ ಚಹಾಕ್ಕೆ ನಿಲ್ಲಿಸಿದ್ದ ಡ್ರೈವರು ಬಾಗಿಲ ಹತ್ತಿರ ನಿಂತು ಬೆವರೊರೆಸಿಕೊಂಡ. ಅಂದಿನಿಂದ ಅವನು ಗುಂಡಿಯ ಬೇಡಿಯನ್ನು ಕೈ ನೋಯದಷ್ಟು ಸಡಿಲವಾಗಿ ಹಾಕಿಸುತ್ತಿದ್ದ, ವ್ಯಾನಿನಲ್ಲಿ ಕಿಟಕಿಯ ಪಕ್ಕ ಕೂರಿಸುತ್ತಿದ್ದ. ನ್ಯಾಯಾಧೀಶರು ಮಾತ್ರ ಆರೋಪಿಯನ್ನು ಒಮ್ಮೆ ಕನ್ನಡಕ ಸರಿಮಾಡಿಕೊಂಡು ನೋಡಿದರು.

ಮುಖ್ಯ ಸಾಕ್ಷಿ ಮ್ಯಾನೇಜರು. ಇಸ್ತ್ರಿ ಮಾಡಿದ ಶರಟು ಹಾಕಿಕೊಂಡು, ಕೋಟಿಲ್ಲದ್ದಕ್ಕೆ ಕೊರಗುತ್ತ ಬಂದಿದ್ದರು.

"ಯಾರು ಮಾಡಿದ್ದು ಅಂತ ಕೇಳಿದಾಗ ಆರೋಪಿ ಏನಂದ?" ಸರ್ಕಾರಿ ವಕೀಲರು ಕೇಳಿದರು.

"ನನ್ನದೇ ತಪ್ಪು ಸಾರ್ ಅಂದ."

"ಅಷ್ಟು ಸಾಕು."

"ಇನ್ನೂ ಸ್ವಲ್ಪ ಇದೆ..."

"ಕೇಳಿದ್ದಕ್ಕೆ ಮಾತ್ರ ಉತ್ತರ ಕೊಡಿ."

ಮ್ಯಾನೇಜರಿಗೆ ಬೇಸರವಾಗಲಿಲ್ಲ, ಸಂತೋಷವಾಯಿತು. ಕೇಳಿದ್ದಕ್ಕೆ ಮಾತ್ರ ಉತ್ತರ ಕೊಡಿ ಎಂದು ತಮ್ಮ ಕೈಕೆಳಗಿನವರಿಗೆ ಜೀವಮಾನವಿಡೀ ಹೇಳಿದವರು ಅವರು. ಶಿಸ್ತಿನ ಜಾಗಕ್ಕೆ ಬಂದಿದ್ದೇನೆ ಎಂದುಕೊಂಡು ಬಾಯಿ ಮುಚ್ಚಿದರು.

ಗುಂಡಿಯ ಕಡೆಯ ವಕೀಲರನ್ನು ಸರ್ಕಾರವೇ ಪುಕ್ಕಟೆಯಾಗಿ ಕೊಟ್ಟಿತ್ತು. ಒಳ್ಳೆಯ ಮನುಷ್ಯ. ಬಿಸಿಲಿನಲ್ಲಿ ಅಕ್ಕ ನಡೆದು ಹೋಗುತ್ತಿದ್ದರೆ ತಮ್ಮ ಕೊಡೆಯನ್ನು ಅವಳ ಕಡೆಗೇ ಹೆಚ್ಚು ವಾಲಿಸಿ ಹಿಡಿಯುತ್ತಿದ್ದರು. ಅವರು ಎದ್ದು, "ಪ್ರಶ್ನೆಗಳಿಲ್ಲ" ಎಂದು ಹೇಳಿ ಕುಳಿತರು.

"ಯಾಕೆ ಸಾರ್ ಏನೂ ಕೇಳ್ಲಿಲ್ಲ?" ಹೊರಗೆ ಬಂದ ಮೇಲೆ ಅಕ್ಕ ಕೇಳಿದಳು.

"ಉತ್ತರ ಏನು ಬರುತ್ತೆ ಅಂತ ಗೊತ್ತಿಲ್ದಿರೋ ಪ್ರಶ್ನೆ ಕೇಳಬಾರದಮ್ಮ. ಕಾಲೇಜಲ್ಲಿ ಮೊದಲು ಕಲಿಸೋದೇ ಅದು."

"ಎರಡನೇದು ಏನು ಕಲಿಸಿದ್ರು?"

ವಕೀಲರು ಯೋಚಿಸಿದರು. "ಅಷ್ಟು ಹೊತ್ತಿಗೆ ನನಗೆ ಟೈಫಾಯ್ಡ್ ಬಂದಿತ್ತು" ಎಂದರು.

ನ್ಯಾಯಾಧೀಶರು ಗುಂಡಿಯನ್ನೂ ಕೇಳಿದರು. ಹೀಗೆ ಹೇಳಿದ್ದು ಹೌದೋ?

"ಹೇಳಿರಬಹುದು ಸಾರ್."

"ಯಾಕೆ ಹೇಳಿದೆ?"

"ಅವರು ತುಂಬಾ ಜೋರಾಗಿ ಕೇಳಿದ್ರು ಸಾರ್."

ಹಿಂದಿನ ಬೆಂಚುಗಳಲ್ಲಿ ನಗು ಎದ್ದಿತು. ಆರೋಪಿ ಹಾರಿಕೆಯ ಉತ್ತರ ಕೊಟ್ಟನೆಂದು ದಾಖಲಾಯಿತು. ಉಸಿರಾಡಿದ್ದನ್ನು ಯಾರು ನೆನಪಿಟ್ಟುಕೊಳ್ಳುತ್ತಾರೆ? ತಾನು ಏನು ಹೇಳಿದೆನೆಂದು ಅವನಿಗೆ ನಿಜವಾಗಿಯೂ ನೆನಪಿರಲಿಲ್ಲ.

ಅಕ್ಕ ಸುಮ್ಮನೆ ಕೂರುವವಳಲ್ಲ. ತಪ್ಪೊಪ್ಪಿಕೊಳ್ಳುವುದು ತಮ್ಮನ ಕೆಲಸವಾಗಿತ್ತು, ಅದು ಅಂಗಡಿಯ ನಾಟಕ, ಎಂದು ಕೋರ್ಟಿಗೆ ತೋರಿಸಬೇಕು. ನಾಟಕದ ಸಂಗತಿ ಗೊತ್ತಿದ್ದವರು ಅಕ್ಕನನ್ನು ಬಿಟ್ಟರೆ ಇಬ್ಬರೇ, ಆ ಇಬ್ಬರನ್ನು ಕೊಂದ ಆರೋಪವೇ ಅವನ ಮೇಲಿತ್ತು. ಅಕ್ಕನ ಮಾತು ಅಕ್ಕನ ಮಾತೆಂದು ಕೋರ್ಟು ಆಗಲೇ ಬದಿಗಿಟ್ಟಾಗಿತ್ತು. ಆ ರಾತ್ರಿ ಅವನು ಮನೆಯಲ್ಲಿದ್ದ ಎಂಬುದನ್ನೂ ಅದರ ಜೊತೆಗೇ ಇಟ್ಟಿತ್ತು. ಉಳಿದವರು ಗಿರಾಕಿಗಳು. ಅವಳು ರಜೆ ಹಾಕಿ ಮನೆ ಮನೆಗೆ ಹೋದಳು. ಎಲ್ಲರೂ ಕೂರಿಸಿ ನೀರು ಕೊಟ್ಟರು, ಎಲ್ಲರೂ ಗುಂಡಿ ಒಳ್ಳೆಯವನೆಂದರು, ಕೋರ್ಟು ಎಂದೊಡನೆ ಎಲ್ಲರಿಗೂ ಅದೇ ವಾರ ಊರಿಗೆ ಹೋಗುವ ಕೆಲಸವಿತ್ತು. ಕೊನೆಗೆ ಒಬ್ಬರು ಟೀಚರು ಮತ್ತು ಔಷಧಿ ಅಂಗಡಿಯವನು ಬರಲು ಒಪ್ಪಿದರು.

ಏನು ಕೇಳಿದರೂ ನನ್ನದೇ ತಪ್ಪು ಎನ್ನುವುದು ಅವನ ಅಭ್ಯಾಸ ಎಂದು ಟೀಚರು ಸ್ಪಷ್ಟವಾಗಿಯೇ ಹೇಳಿದರು. ಅಕ್ಕನಿಗೆ ಜೀವ ಬಂದಂತಾಯಿತು. ಆಗ ಸರ್ಕಾರಿ ವಕೀಲರು ಎದ್ದರು.

"ನಿಮ್ಮ ಬಟ್ಟೆ ವಿಷಯದಲ್ಲೂ ತಪ್ಪು ಒಪ್ಪಿಕೊಂಡಿದ್ನಾ?"

"ಹೌದು. ನನ್ನ ರವಿಕೆ ತೋಳು ಬಿಗಿ ಮಾಡಿಟ್ಟಿದ್ದ."

"ಮಾಡಿದ್ದು ಅವನೇನಾ?"

ಟೀಚರಿಗೆ ಆಶ್ಚರ್ಯವಾಯಿತು. "ಅವನಲ್ದೆ ಇನ್ಯಾರು? ಅವನೇ ಒಪ್ಪಿಕೊಂಡನಲ್ಲ."

ಔಷಧಿ ಅಂಗಡಿಯವನ ಪ್ಯಾಂಟಿನದೂ ಅದೇ ಕಥೆ. ಗುಂಡಿಯನ್ನು ತಾನು ಎಷ್ಟು ಬೈದೆ, ಹೇಗೆ ಕ್ಷಮಿಸಿದೆ ಎಂಬುದನ್ನು ವಿವರವಾಗಿ ಹೇಳಿದ. ತಾನು ಅಷ್ಟು ಉದಾರವಾಗಿ ಕ್ಷಮಿಸಿದ ತಪ್ಪು ಬೇರೆ ಯಾರದೋ ಆಗಿತ್ತು ಎಂದು ಒಪ್ಪಲು ಯಾವ ಮನುಷ್ಯನಿಗೆ ಮನಸ್ಸು ಬರುತ್ತದೆ?

ತೀರ್ಪಿನಲ್ಲಿ ನ್ಯಾಯಾಧೀಶರು ಬರೆದದ್ದು ಇಷ್ಟು: ಆರೋಪಿ ತಪ್ಪು ಮಾಡಿದಾಗಲೆಲ್ಲ ಮುಚ್ಚಿಡದೆ ಒಪ್ಪಿಕೊಳ್ಳುವ ಪ್ರಾಮಾಣಿಕನೆಂದು ಅವನ ಕಡೆಯ ಸಾಕ್ಷಿಗಳೇ ಸಾಬೀತುಪಡಿಸಿದ್ದಾರೆ; ಅಂಥ ಪ್ರಾಮಾಣಿಕನ ಮಾತನ್ನು ನಂಬದಿರಲು ನ್ಯಾಯಾಲಯಕ್ಕೆ ಕಾರಣ ಕಾಣುವುದಿಲ್ಲ. ಆದ್ದರಿಂದ ನೇಣು. ಸತ್ತವರು ಇಬ್ಬರಾದ್ದರಿಂದ ಎರಡು ಸಲ.

ಕೋರ್ಟಿನ ಬಾಗಿಲಲ್ಲಿ ನಿಂತು ಹೆಸರು ಕೂಗುವ ಹೆಂಗಸೊಬ್ಬಳಿದ್ದಳು. ಅವಳ ಗಂಟಲಿಗೆ ಹೆದರಿ ಪಾರಿವಾಳಗಳು ಸೂರಿನಿಂದ ಹಾರುತ್ತಿದ್ದವು. ಅಂದು ಅವಳು ಮುಂದಿನ ಕೇಸಿನವರನ್ನು ಕೂಗಲಿಲ್ಲ. ಅವರಿದ್ದ ಕಡೆಗೇ ಹೋಗಿ ಮೆಲ್ಲಗೆ ಕರೆದಳು. ಬರುವಾಗ ಒಂದು ಲೋಟ ನೀರು ತಂದು ಅಕ್ಕನ ಪಕ್ಕದಲ್ಲಿಟ್ಟು, ಏನೂ ಹೇಳದೆ ಹೋದಳು. ಆ ಕಟ್ಟಡದಲ್ಲಿ ಅಂದು ಅಕ್ಕನಿಗೆ ಸಿಕ್ಕ ನ್ಯಾಯ ಅಷ್ಟೇ.

ಇನ್ನು ಮೇಲಿನ ಕೋರ್ಟು. ಅಲ್ಲಿಗೆ ಎರಡು ಅರ್ಜಿಗಳು ಹೋದವು. ಒಂದು, ತಮ್ಮನ ಜೀವ ಉಳಿಸಿಕೊಡಿ ಎಂದು ಅಕ್ಕನದು. ಇನ್ನೊಂದು, ಕೋಟು ಕೊಡಿಸಿ ಎಂದು ಮ್ಯಾನೇಜರದು. ಮಗಳ ಮದುವೆ ಎರವಲು ಕೋಟಿನಲ್ಲಿ ಮುಗಿದುಹೋಗಿತ್ತು, ಆದರೂ ಅವರು ಬಿಡುವ ಆಸಾಮಿಯಲ್ಲ. ಕೇಸು ಮುಗಿಯುವ ತನಕ ಜಪ್ತಿ ಮಾಲು ಅಲುಗಾಡುವಂತಿಲ್ಲ ಎಂದು ಕೆಳಗಿನ ಕೋರ್ಟು ಹೇಳಿತ್ತು. ಕೋಟಿಗಾಗಿ ಬಂದ ಮ್ಯಾನೇಜರೂ ತಮ್ಮನಿಗಾಗಿ ಬಂದ ಅಕ್ಕನೂ ವರ್ಷಗಟ್ಟಲೆ ಒಂದೇ ಬೆಂಚಿನ ಎರಡು ತುದಿಗಳಲ್ಲಿ ಕುಳಿತರು. ಅವರು ಸಾಕ್ಷಿ, ಇವಳು ಆರೋಪಿಯ ಕಡೆಯವಳು. ಮಾತಾಡಬಾರದು ಎಂದು ಮ್ಯಾನೇಜರೇ ನಿಯಮ ಮಾಡಿಕೊಂಡಿದ್ದರು. ಆದರೆ ಫ್ಯಾನು ತಮ್ಮ ಕಡೆ ಇದ್ದಾಗ ಅವಳಿಗೂ ಗಾಳಿ ಬರಲಿ ಎಂದು ಸ್ವಲ್ಪ ಹಿಂದೆ ಸರಿದು ಕೂರುತ್ತಿದ್ದರು. ಅದಕ್ಕೆ ಅವರ ನಿಯಮದಲ್ಲಿ ಅಡ್ಡಿ ಇರಲಿಲ್ಲ.

ಬೈಸಿಕೊಳ್ಳುವುದೂ ಒಂದು ಉದ್ಯೋಗ ಎಂದು ವಕೀಲರು ವಾದಿಸಿದಾಗ ಮೇಲಿನ ಕೋರ್ಟಿನ ನ್ಯಾಯಮೂರ್ತಿಗಳು ನಕ್ಕರು. ಅಂಥ ಹುದ್ದೆಯನ್ನು ತಾವು ಎಲ್ಲಿಯೂ ಕಂಡಿಲ್ಲ ಎಂದರು. ಅವರ ಹಿಂದೆ ನಿಂತಿದ್ದ ಗುಮಾಸ್ತ, ಬೆಳಿಗ್ಗೆಯಷ್ಟೇ ಅವರಿಂದ ಚೆನ್ನಾಗಿ ಬೈಸಿಕೊಂಡಿದ್ದವನು, ಛಾವಣಿ ನೋಡುತ್ತಿದ್ದ. ನೇಣು ಖಾಯಂ ಆಯಿತು. ಕೋಟೂ ಸಿಗಲಿಲ್ಲ.

ಅಕ್ಕ ಜೈಲಿಗೆ ಹೋದಾಗಲೆಲ್ಲ ಗುಂಡಿ ಒಂದಲ್ಲ ಒಂದು ಶಿಕ್ಷೆಯಲ್ಲಿರುತ್ತಿದ್ದ. ಸಾರಿಗೆ ಉಪ್ಪು ಹೆಚ್ಚಾದರೆ, ಬಕೆಟ್ಟು ಒಡೆದರೆ, ಯಾರೋ ಬೀಡಿ ಸೇದಿ ವಾಸನೆ ಬಂದರೆ ಕಾವಲಿನವರು ಯಾರು ಮಾಡಿದ್ದು ಎಂದು ಗುಡುಗುತ್ತಿದ್ದರು. ಮುಂದಿನದು ಗೊತ್ತೇ ಇದೆ. ಅವನಷ್ಟು ಜನಪ್ರಿಯ ಕೈದಿ ಆ ಜೈಲಿನಲ್ಲಿ ಇನ್ನೊಬ್ಬನಿರಲಿಲ್ಲ.

"ಇನ್ನು ಒಂದೇ ಕೋರ್ಟು ಉಳಿದಿರೋದು ಕಣೋ," ಜಾಲರಿಗೆ ಮುಖ ಒತ್ತಿ ಅಕ್ಕ ಹೇಳಿದಳು. "ಅಲ್ಲೂ ಹೋಯ್ತು ಅಂದ್ರೆ ನಿನ್ನ ಕತ್ತಿಗೆ ಹಗ್ಗ ಬೀಳುತ್ತೆ. ಬಕೆಟ್ಟು ಒಡೆದಿದ್ದನ್ನೂ ಯಾಕೋ ಒಪ್ಪಿಕೋತೀಯ?"

"ಒಡೆದವನು ತುಂಬಾ ಚಿಕ್ಕವನಕ್ಕ. ಹೆದರಿಬಿಟ್ಟಿದ್ದ."

"ನಿನಗೆ ಹೆದರಿಕೆ ಇಲ್ವಾ?"

ಅವನು ತಲೆ ತಗ್ಗಿಸಿದ. "ಇದೆ" ಎಂದ. "ಆದ್ರೆ ಯಾರೂ ಕೇಳಲ್ಲ ಅಲ್ವಾ, ಅದಕ್ಕೆ ಹೇಳೋದಿಲ್ಲ."

ಅಕ್ಕ ಜಾಲರಿಯ ಸಂದಿಯಲ್ಲಿ ಎರಡು ಬೆರಳು ತೂರಿಸಿದಳು. ಅವನು ಹಿಡಿದುಕೊಂಡ. ಮುಟ್ಟಬಾರದೆಂದು ಅವರ ತಲೆಯ ಮೇಲೇ ದೊಡ್ಡ ಅಕ್ಷರದಲ್ಲಿ ಬರೆದಿತ್ತು. ಕಾವಲಿನವನು ಆ ಹೊತ್ತಿನಲ್ಲಿ ತನ್ನ ಬೂಟಿನ ದಾರ ಬಿಚ್ಚಿ ಮತ್ತೆ ಕಟ್ಟಲು ಬಹಳ ಹೊತ್ತು ತೆಗೆದುಕೊಂಡ.

ಎಲ್ಲಕ್ಕಿಂತ ಮೇಲಿನ ಕೋರ್ಟಿನಲ್ಲಿ ಎರಡೂ ಅರ್ಜಿಗಳು ಒಂದೇ ಪ್ರಕರಣದವೆಂದು ಒಟ್ಟಿಗೆ ಕಟ್ಟಿ ಒಂದೇ ದಿನ ಇಟ್ಟರು. ಸಣ್ಣದನ್ನು ಮೊದಲು ಮುಗಿಸಿಬಿಡೋಣವೆಂದು ಕೋಟನ್ನು ಮೊದಲು ಕರೆದರು. ವಕೀಲರ ಮೇಲೆ ನಂಬಿಕೆ ಹೋಗಿ ಮ್ಯಾನೇಜರು ತಾವೇ ವಾದಿಸಲು ನಿಂತಿದ್ದರು. ನಡುವಿನ ಆಸನದಲ್ಲಿದ್ದ ಹಿರಿಯ ನ್ಯಾಯಮೂರ್ತಿ ಅರ್ಧ ಕಣ್ಣು ಮುಚ್ಚಿ ಕೇಳುತ್ತಿದ್ದರು.

"ಕೋಟು ನಿಮ್ಮದು ಅನ್ನೋದಕ್ಕೆ ಏನು ಆಧಾರ?"

"ಆ ಗುಂಡೀನೇ ಒಪ್ಪಿಕೊಂಡಿದಾನೆ ಮಹಾಸ್ವಾಮಿ. ಮಾರನೇ ದಿನ ಕೊಡ್ತೀನಿ ಅಂತ ಬಾಯಿಬಿಟ್ಟು ಹೇಳಿದಾನೆ. ಮಾತು ಕೊಟ್ಟ ಮೇಲೆ ಮುಗೀತಲ್ಲ."

"ಯಾವಾಗ ಹೇಳಿದ್ದು?"

"ಅದೇ ಬೆಳಿಗ್ಗೆ. ಇಬ್ಬರೂ ಒಳಗೆ ಸತ್ತು ಬಿದ್ದಿದ್ರಲ್ಲ, ಆಗ."

ನ್ಯಾಯಮೂರ್ತಿಗಳ ಕಣ್ಣು ಪೂರ್ತಿ ತೆರೆಯಿತು. "ಆಗ ಅವನು ಏನು ಹೇಳಿದ? ಪೂರ್ತಿ ಹೇಳಿ."

ಮ್ಯಾನೇಜರು ಸುತ್ತ ನೋಡಿದರು. ಇಷ್ಟು ವರ್ಷಗಳಲ್ಲಿ ಪೂರ್ತಿ ಹೇಳಿ ಎಂದವರು ಇವರೇ ಮೊದಲು. "ಯಾರು ಮಾಡಿದ್ದು ಅಂತ ನಾನು ಕೂಗಿದೆ. ನನ್ನದೇ ತಪ್ಪು ಸಾರ್ ಅಂದ. ಆಮೇಲೆ, ಸರಿ ಮಾಡಿಕೊಡ್ತೀನಿ ಸಾರ್, ನಾಳೆ ಬನ್ನಿ ಅಂದ."

"ಯಾವುದನ್ನ ಸರಿ ಮಾಡಿಕೊಡ್ತೀನಿ ಅಂದ?"

"ಕೋಟು ಅಂತ ನಾನು ತಿಳ್ಕೊಂಡೆ."

"ನೀವು ಕೋಟಿನ ಬಗ್ಗೆ ಕೇಳಿದ್ರಾ?"

"ಇಲ್ಲ. ಸತ್ತವರನ್ನ ನೋಡಿ ಕೇಳಿದ್ದು."

"ಹಾಗಾದ್ರೆ ಸತ್ತವರನ್ನ ನಾಳೆಯೊಳಗೆ ಸರಿ ಮಾಡಿಕೊಡ್ತೀನಿ ಅಂದನೇನ್ರಿ?"

ಮ್ಯಾನೇಜರು ಈ ದಿಕ್ಕಿನಲ್ಲಿ ಯೋಚಿಸಿರಲಿಲ್ಲ. ಅವರ ಯೋಚನೆಯೆಲ್ಲ ಎಡತೋಳಿನಲ್ಲಿತ್ತು. "ಅದು ಅವನು ಯಾವಾಗ್ಲೂ ಹೇಳೋದು ಮಹಾಸ್ವಾಮಿ" ಎಂದರು. "ಯಾರು ಏನೇ ಕೇಳಲಿ, ಈ ಎರಡು ಮಾತು ಒಟ್ಟಿಗೇ ಬರುತ್ವೆ."

"ನೀವು ಮಾರನೇ ದಿನ ಹೋದ್ರಾ?"

"ಹೋದೆ. ಪೊಲೀಸರು ಒಳಗೆ ಬಿಡಲಿಲ್ಲ. ಗುಂಡಿ ಹೇಳಿದ ದಿನಕ್ಕೆ ತಪ್ಪಿಸಿದವನೇ ಅಲ್ಲ."

"ಇದನ್ನ ಕೆಳಗಿನ ಕೋರ್ಟಲ್ಲಿ ಯಾಕೆ ಹೇಳ್ಲಿಲ್ಲ?"

"ಕೇಳಿದ್ದಕ್ಕೆ ಮಾತ್ರ ಉತ್ತರ ಕೊಡಿ ಅಂದ್ರು, ಕೊಟ್ಟೆ" ಎಂದರು ಮ್ಯಾನೇಜರು, ಎದೆ ಉಬ್ಬಿಸಿ.

ಹಿಂದಿನ ಬೆಂಚಿನಲ್ಲಿ ಅಕ್ಕ ಸೆರಗಿನಿಂದ ಬಾಯಿ ಒತ್ತಿ ಹಿಡಿದಿದ್ದಳು. ಪುಕ್ಕಟೆ ವಕೀಲರು ಎದ್ದು ನಿಂತಿದ್ದರು. ಅವರು ಹೇಳಬೇಕಾದ್ದು ಏನೂ ಉಳಿದಿರಲಿಲ್ಲ.

ಎರಡೂ ಅರ್ಜಿಗಳು ಗೆದ್ದವು. ಕೋಟಿನ ಆದೇಶ ಒಂದೇ ಸಾಲಿನದಾದ್ದರಿಂದ ಬೇಗ ಹೊರಬಿತ್ತು. ಮನುಷ್ಯನ ಆದೇಶ ದಪ್ಪ ಪುಸ್ತಕದಷ್ಟಿತ್ತು. ಸತ್ಯ, ಸಂಶಯ, ಮಾನವ ಸ್ವಭಾವ ಎಲ್ಲದರ ಮೇಲೂ ಅದರಲ್ಲಿ ಒಳ್ಳೊಳ್ಳೆಯ ಮಾತುಗಳಿದ್ದವು. ಅವನ್ನೆಲ್ಲ ಟೈಪು ಮಾಡಿ, ತಿದ್ದಿ, ಸಹಿ ಹಾಕಿ, ಮೇಲಿನಿಂದ ಕೆಳಗಿನವರೆಗೆ ಕೋರ್ಟು ಕೋರ್ಟು ಇಳಿಸಿ ಜೈಲಿಗೆ ಮುಟ್ಟಿಸುವಷ್ಟರಲ್ಲಿ ಮ್ಯಾನೇಜರು ಆ ಕೋಟು ಹಾಕಿಕೊಂಡು ಎರಡು ಮದುವೆ ಉಂಡು ಬಂದಿದ್ದರು. ಬಸ್ ನಿಲ್ದಾಣದ ಕಿಟಕಿಗೂ ಬಂದರು.

"ನನ್ನನ್ನ ಮೊದಲೇ ಕೇಳಿದ್ರೆ ಹೇಳ್ತಿದ್ದೆನಮ್ಮ."

ಗಾಜಿನ ಹಿಂದಿನಿಂದ ಅಕ್ಕ ಅವರನ್ನು ನೋಡಿದಳು. ಬಾಯಿಗೆ ಬಂದದ್ದು ಬಹಳವಿತ್ತು. "ತೋಳು ಇನ್ನೂ ಉದ್ದಾನೇ ಇದೆ ಸಾರ್" ಎಂದಳು. "ಮುಂದಿನವರು ಬನ್ನಿ."

ಗುಂಡಿ ಹೊರಗೆ ಬಂದ ದಿನ ಜೈಲಿನ ಬಾಗಿಲಲ್ಲಿ ಅವನು ಕೇಳಿದ ಮೊದಲನೆಯ ಪ್ರಶ್ನೆ ಇದು:

"ಯಜಮಾನ್ರನ್ನ, ಅಮ್ಮಾವ್ರನ್ನ ಎಲ್ಲಿ ಮಣ್ಣು ಮಾಡಿದ್ರಕ್ಕ?"

ಅವಳಿಗೆ ಗೊತ್ತಿಲ್ಲ. ಮೂರು ಕೋರ್ಟುಗಳಲ್ಲಿ ಅವರಿಬ್ಬರ ಹೆಸರನ್ನು ಅಷ್ಟು ಸಲ ಕೇಳಿದ್ದಳು. ಅವರು ಎಲ್ಲಿದ್ದಾರೆ ಎಂದು ಯಾರೂ ಹೇಳಿರಲಿಲ್ಲ. ಇಬ್ಬರೂ ವಿಚಾರಿಸುತ್ತ ಹೋದರು. ದಿಕ್ಕಿಲ್ಲದವರನ್ನು ಹೂಳುವ ಜಾಗ ಊರ ಹೊರಗಿತ್ತು. ಕಾವಲಿನ ಮುದುಕ ಎರಡು ದಿಬ್ಬಗಳನ್ನು ತೋರಿಸಿ, ಯಾವುದು ಯಾರದು ಎಂದು ಗೊತ್ತಿಲ್ಲ, ಆದರೆ ಗಂಡ ಹೆಂಡಿರೆಂದು ತಿಳಿದಿದ್ದರಿಂದ ತಾನೇ ಅಕ್ಕಪಕ್ಕ ಮಾಡಿಸಿದೆ ಎಂದ. ಗುಂಡಿ ಅವನ ಎರಡೂ ಕೈ ಹಿಡಿದುಕೊಂಡ. ಹುಲ್ಲು ಕಿತ್ತ. ಬಹಳ ಹೊತ್ತು ಕುಳಿತ. ಎದ್ದಾಗ ಕೇಳಿದ:

"ಅಕ್ಕ, ಇವರನ್ನ ಕೊಂದವರು ಯಾರು?"

ಅಷ್ಟು ವರ್ಷ, ಅಷ್ಟು ಕೋರ್ಟು, ಅಷ್ಟು ಕಾಗದ. ಇದನ್ನು ಕೇಳುವುದು ಎಲ್ಲರಿಗೂ ಮರೆತುಹೋಗಿತ್ತು. "ಮನೆಗೆ ನಡಿಯೋ," ಅಕ್ಕ ಹೇಳಿದಳು. "ಮತ್ತೆ ಆ ಸುದ್ದಿ ಬೇಡ. ನಿನ್ನನ್ನ ವಾಪಸ್ ಪಡೆಯೋದ್ರಲ್ಲೇ ನನ್ನ ಕೂದಲು ಬೆಳ್ಳಗಾಯ್ತು." ಅವನು ಮನೆಯ ಕಡೆ ತಿರುಗಲಿಲ್ಲ. ಹುಟ್ಟಿದಾಗಿನಿಂದ ಅವಳ ಮಾತು ಮೀರದವನು ಪೊಲೀಸ್ ಠಾಣೆಯ ಕಡೆ ನಡೆದ. ಅವಳು ಗೊಣಗುತ್ತ ಹಿಂದೆ ಹೋದಳು.

ಠಾಣೆಯಲ್ಲಿ ವಯಸ್ಸಾದ ಹೆಡ್ ಕಾನ್‌ಸ್ಟೇಬಲ್ ಒಬ್ಬರು ಊಟದ ಡಬ್ಬಿ ತೊಳೆದು ಒರೆಸುತ್ತಿದ್ದರು.

"ಆ ಕೇಸು ಮುಗಿದು ಹೋಗಿದೆಯಲ್ಲಪ್ಪ."

"ಕೊಂದವನು ಸಿಕ್ಕಿದ್ನಾ ಸಾರ್?"

"ಸಿಕ್ಕಿದ್ದ. ಕೋರ್ಟಿನವರು ಬಿಟ್ಟುಬಿಟ್ರು."

"ಯಾರು ಸಾರ್ ಅವನು?"

"ಯಾರಂದ್ರೆ? ನೀನೇ ಕಣಯ್ಯಾ." ಅವರು ದನಿ ಏರಿಸಿದರು. "ಬಿಡುಗಡೆ ಆಗಿದೆ, ಮನೆಗೆ ಹೋಗಿ ತಣ್ಣಗೆ ಇರೋದು ಬಿಟ್ಟು ಇಲ್ಲಿಗೆ ಬಂದು ನಮ್ಮ ತಲೆ ತಿಂತೀಯಲ್ಲ, ಬುದ್ಧಿ ಇದೆಯಾ ನಿನಗೆ?"

ತಮ್ಮನ ಕತ್ತು ಸ್ವಲ್ಪ ಬಾಗಿದ್ದನ್ನು ಅಕ್ಕ ಕಂಡಳು. ಅದು ಅಲ್ಲಿಗೇ ನಿಂತಿತು.

"ನನ್ನ ಕೇಸು ಮುಗೀತು ಸಾರ್" ಎಂದ ಗುಂಡಿ. "ಅವರದು ಇನ್ನೂ ಶುರುವೇ ಆಗಿಲ್ಲ. ಬರ್ಕೊಳ್ಳಿ."

"ಬರ್ಕೊಳ್ಳೋದಿಲ್ಲ ಅಂದ್ರೆ?"

"ಕೂತಿರ್ತೀನಿ."

ಅವನು ಗೋಡೆಯ ಪಕ್ಕದ ಬೆಂಚಿನ ಮೇಲೆ ಕುಳಿತ. ಅಕ್ಕ ಅವನ ಪಕ್ಕ ಕುಳಿತಳು. ಹೆಡ್ ಕಾನ್‌ಸ್ಟೇಬಲ್ಲು ಡಬ್ಬಿಯನ್ನು ಒರೆಸುತ್ತಲೇ ಇದ್ದರು; ಅದು ಎಂದೋ ಒಣಗಿತ್ತು. ಕೊನೆಗೆ ಅದನ್ನು ಕೆಳಗಿಟ್ಟು, ಮೇಜಿನ ಎದುರಿನ ಕುರ್ಚಿಯನ್ನು ಕಾಲಿನಿಂದ ಅವನ ಕಡೆ ದೂಡಿದರು.

"ಬಾ, ಇಲ್ಲಿ ಕೂತು ಹೇಳು. ಅಲ್ಲಿಂದ ಕೂಗಿದ್ರೆ ನನಗೆ ಸರಿಯಾಗಿ ಕೇಳಿಸಲ್ಲ. ಆ ಚಿಲಕ ಒಳಗಿನಿಂದ ಮುರಿದಿತ್ತಾ, ಹೊರಗಿನಿಂದಲಾ?"